ಉದಗೀರದಲ್ಲಿ ಒತ್ತಿದರೆ ಉಮರ್ಗಾದಲ್ಲಿ ಕಾಗದ

ವಾರಕ್ಕೆ ಮೂರು ದಿನ ನಾನು ಉದಗೀರದಿಂದ ಉಮರ್ಗಾಕ್ಕೆ ಹೋಗುತ್ತಿದ್ದೆ. ಸೋಮವಾರ, ಬುಧವಾರ, ಶುಕ್ರವಾರ. ಹೆಗಲಿಗೆ ಒಂದು ರೆಗ್ಜಿನ್ ಚೀಲ, ಅದರೊಳಗೆ ರಕ್ತ, ಮೂತ್ರ, ಕಫದ ಪರೀಕ್ಷೆಯ ರಿಪೋರ್ಟುಗಳು, ಒಂದೊಂದೂ ಒಂದು ಖಾಕಿ ಲಕೋಟೆಯಲ್ಲಿ. ನಿಲಂಗಾದಲ್ಲಿ ಬಸ್ಸು ಬದಲಿಸಬೇಕು. ಆಮೇಲೆ ಕಾಸಾರಶಿರಸಿ, ಅದು ದಾಟಿದರೆ ಉಮರ್ಗಾ. ನಮ್ಮ ಲ್ಯಾಬು ಉದಗೀರದಲ್ಲಿ. ಉಮರ್ಗಾದಲ್ಲಿ ಇದ್ದದ್ದು ಒಂದು ಕೋಣೆಯ ಕಲೆಕ್ಷನ್ ಸೆಂಟರು. ಅಲ್ಲಿ ರಕ್ತ ತೆಗೆದು ಬಸ್ಸಿನ ಡ್ರೈವರ್ ಕೈಯಲ್ಲಿ ಕಳಿಸುತ್ತಿದ್ದರು, ಉದಗೀರದಲ್ಲಿ ಪರೀಕ್ಷೆ ಆಗುತ್ತಿತ್ತು, ಫಲಿತಾಂಶ ನನ್ನ ಚೀಲದಲ್ಲಿ ತಿರುಗಿ ಹೋಗುತ್ತಿತ್ತು.

ಲಾತೂರಿನ ಭೂಕಂಪವಾಗಿ ಏಳೆಂಟು ವರ್ಷ ಆಗಿತ್ತು. ಬಸ್ಸಿನ ಕಿಟಕಿಯಿಂದ ಹಳೆಯ ಊರುಗಳ ಕಲ್ಲಿನ ಗುಡ್ಡೆ ಕಾಣುತ್ತಿದ್ದವು, ಅವುಗಳ ಮೇಲೆ ಜಾಲಿ ಬೆಳೆದಿತ್ತು. ಸ್ವಲ್ಪ ದೂರಕ್ಕೆ ಹೊಸ ಊರು, ಒಂದೇ ಅಳತೆಯ ಮನೆಗಳು, ಎತ್ತಿನ ಗಾಡಿ ನಾಲ್ಕು ಸಾಲಾಗಿ ಹೋಗಬಹುದಾದ ಅಗಲದ ರಸ್ತೆಗಳು. ಆ ರಸ್ತೆಗಳಲ್ಲಿ ಯಾರೂ ಇರುತ್ತಿರಲಿಲ್ಲ.

ನನ್ನ ತವರು ಭಾಲ್ಕಿ ಕಡೆಯ ಹಳ್ಳಿ. ಗಡಿ ದಾಟಿ ಮಹಾರಾಷ್ಟ್ರದ ಉದಗೀರಕ್ಕೆ ಬಂದದ್ದು ಮದುವೆಯಾಗಿ. ಮೂರನೆಯ ವರ್ಷ ಗಂಡ ಕೆಲಸಕ್ಕೆಂದು ಹೈದರಾಬಾದಿಗೆ ಹೋದವನು ಅಲ್ಲೇ ಇನ್ನೊಬ್ಬಳ ಜೊತೆ ಸಂಸಾರ ಹೂಡಿದ. ಅತ್ತೆಮನೆಯವರು ಕೆಟ್ಟವರಲ್ಲ, ಹೋಗು ಅನ್ನಲಿಲ್ಲ, ಇರು ಅಂತಲೂ ಅನ್ನಲಿಲ್ಲ. ತವರಿಗೆ ಹೋದರೆ ಅಣ್ಣಂದಿರು ಎದ್ದು ಕೂತು ನೀರು ಕೊಡುತ್ತಿದ್ದರು, ಅತ್ತಿಗೆಯರು ಯಾವಾಗ ಹೊರಡುತ್ತೀ ಎಂದು ಕಣ್ಣಲ್ಲೇ ಕೇಳುತ್ತಿದ್ದರು. ಕಡೆಗೆ ಕೋಟೆಯ ಹಿಂದಿನ ಓಣಿಯಲ್ಲಿ ಒಂದು ಕೋಣೆ ಬಾಡಿಗೆಗೆ ಹಿಡಿದೆ. ಊರಿನ ಒಂದು ಕಂಪ್ಯೂಟರ್ ಕ್ಲಾಸಿಗೆ ಆರು ತಿಂಗಳು ಹೋದೆ. ಲ್ಯಾಬಿನ ಡಾಕ್ಟರು ಟೈಪಿಸ್ಟ್ ಬೇಕು ಎಂದು ಬೋರ್ಡು ಹಾಕಿದ್ದರು, ಹೋಗಿ ಕೇಳಿದೆ, ಇಟ್ಟುಕೊಂಡರು.

ಉದಗೀರದಲ್ಲಿ ನನ್ನ ದಿನವೆಲ್ಲ ಮರಾಠಿಯಲ್ಲೇ ನಡೆಯುತ್ತಿತ್ತು. ಕನ್ನಡ ಬಾಯಿಗೆ ಬರುತ್ತಿದ್ದದ್ದು ಬಸ್ಸಿನಲ್ಲಿ. ಕಾಸಾರಶಿರಸಿಯ ಸ್ಟ್ಯಾಂಡಿನಲ್ಲಿ ಬಸ್ಸು ನಿಂತ ಕೂಡಲೇ ಕನ್ನಡ ಮಾತಾಡುವ ನಾಲ್ಕೈದು ಮಂದಿ ಕಿಟಕಿಗೆ ಬರುತ್ತಿದ್ದರು. ಉಮರ್ಗಾದವರೆಗೆ ಹೋಗುವ ತ್ರಾಸು ಯಾಕೆ, ಲ್ಯಾಬಿನ ಬಾಯಿ, ಆ ಹೆಂಗಸು, ಇಲ್ಲೇ ಕೊಡುತ್ತಾಳೆ ಎಂದು ಸುದ್ದಿ ಹಬ್ಬಿತ್ತು. ನಾನು ಲಕೋಟೆ ಹುಡುಕಿ ತೆಗೆದು, ಓದಿ, ಹೇಳಿಯೇ ಕೊಡುತ್ತಿದ್ದೆ. ಸಕ್ಕರೆ ಇಳದದ, ಹಿಂಗೇ ಪಥ್ಯ ಮಾಡ್ರಿ. ರಕ್ತ ಕಡಿಮಿ ಅದ, ಮೆಂತ್ಯಪಲ್ಯ ತಿನ್ನಸ್ರಿ. ಹೇಳುವುದು ನನ್ನ ಕೆಲಸವಲ್ಲ, ಡಾಕ್ಟರು ಹೇಳಬೇಕಾದದ್ದು. ಆದರೆ ಕೇಳುವವರು ನನ್ನನ್ನೇ ಕೇಳುತ್ತಿದ್ದರು. ವಿಭೂತಿ ಹಚ್ಚಿದ ಒಬ್ಬ ಮುದುಕಿ ತನ್ನ ಗಂಡನ ರಿಪೋರ್ಟಿಗೆ ಬರುವಾಗೆಲ್ಲ ಸೆರಗಿನ ತುದಿಯಲ್ಲಿ ಹುರಿದ ಶೇಂಗಾ ಕಟ್ಟಿಕೊಂಡು ಬರುತ್ತಿದ್ದಳು. "ಉಣ್ಣದ ಬಂದಿರ್ತಿ, ತಿನ್ನು" ಎಂದು ಕಿಟಕಿಯಿಂದ ನನ್ನ ಉಡಿಗೆ ಸುರಿಯುತ್ತಿದ್ದಳು. ಆ ಐದು ನಿಮಿಷಕ್ಕಾಗಿ ನಾನು ಮೂರು ತಾಸು ಕುಲುಕಿಸಿಕೊಳ್ಳುತ್ತೇನೆ ಎಂದು ಆಗ ನನಗೆ ಗೊತ್ತಿರಲಿಲ್ಲ. ಬಸ್ಸಿನ ತಿರುಗಾಟ ಕಷ್ಟ ಎಂದೇ ನಾನೂ ಎಲ್ಲರ ಮುಂದೆ ಹೇಳುತ್ತಿದ್ದೆ.

ಲ್ಯಾಬಿನಲ್ಲಿ ರಿಪೋರ್ಟು ಬರೆಯುವ ಪ್ರೋಗ್ರಾಮು ನಾನೇ ಮಾಡಿದ್ದು. ಮೊದಲು ಒಂದೊಂದು ಕಾಗದವನ್ನೂ ಹೊಸದಾಗಿ ಟೈಪು ಮಾಡಬೇಕಿತ್ತು. ಬೇಸರ ಬಂದು, ಕ್ಲಾಸಿನಲ್ಲಿ ಕಲಿತ ಬೇಸಿಕ್ ಎಂಬ ಕಂಪ್ಯೂಟರ್ ಭಾಷೆಯಲ್ಲಿ ಚಿಕ್ಕದೊಂದು ಬರೆದೆ: ಹೆಸರು, ವಯಸ್ಸು, ಅಂಕಿ ತುಂಬಿದರೆ ಸಾಕು, ರಿಪೋರ್ಟು ತಾನೇ ಸಿದ್ಧ. ಡಾಕ್ಟರಿಗೆ ಅದು ಬಹಳ ಹಿಡಿಸಿತು. ಒಳಗೆ ಮೈಕ್ರೋಸ್ಕೋಪಿನ ಪಕ್ಕಕ್ಕೆ ತಮಗೂ ಒಂದು ಕಂಪ್ಯೂಟರ್ ತರಿಸಿದರು. ಪ್ರಿಂಟರ್ ಮಾತ್ರ ಒಂದೇ, ಹೊರಗೆ ನನ್ನ ಮೇಜಿನ ಮೇಲೆ. ಅವರು ತಮ್ಮ ಫಲಿತಾಂಶವನ್ನು ಫ್ಲಾಪಿಯಲ್ಲಿ ಹಾಕಿಕೊಂಡು ಎದ್ದು ಬಂದು ನನ್ನ ಕೈಗೆ ಕೊಡುತ್ತಿದ್ದರು. ಒಂದು ದಿನ ಕೇಳಿದರು, ಮರಾಠಿಯಲ್ಲಿ, "ಮ್ಯಾಡಮ್, ನಾನು ಒಳಗಿಂದ ಒತ್ತಿದರೆ ಇಲ್ಲಿ ಪ್ರಿಂಟ್ ಬರುವ ಹಾಗೆ ಆಗೋದಿಲ್ಲವೇ?"

ಗೋಡೆಗೆ ರಂಧ್ರ ಕೊರೆದು ನೀಲಿ ಕೇಬಲ್ ಎಳೆಸಿದೆವು. ಎರಡು ಕಂಪ್ಯೂಟರು ಮಾತಾಡಿದವು. ಆದರೆ ಕರೆಂಟಿನ ಕಾಟ. ನನ್ನ ಕಂಪ್ಯೂಟರ್ ಆರಿರುವಾಗ ಅವರು ಒತ್ತಿದರೆ ಆ ರಿಪೋರ್ಟು ಎಲ್ಲಿಯೂ ಇಲ್ಲದೆ ಹೋಗುತ್ತಿತ್ತು. ಆಗ ನನ್ನ ಪ್ರೋಗ್ರಾಮಿನೊಳಗೇ ಇನ್ನೊಂದು ಭಾಗ ಸೇರಿಸಿದೆ. ಯಾರು ಎಲ್ಲಿಂದ ಪ್ರಿಂಟು ಕೊಟ್ಟರೂ ಅದು ಮೊದಲು ಆ ಕಾಗದಕ್ಕೊಂದು ನಂಬರು ಹಾಕಿ ಡಿಸ್ಕಿನಲ್ಲಿ ಬರೆದಿಟ್ಟುಕೊಳ್ಳಬೇಕು. ಬಂದ ಸಾಲಿನಲ್ಲೇ ಒಂದೊಂದಾಗಿ ಪ್ರಿಂಟರಿಗೆ ಕೊಡಬೇಕು. ಪ್ರಿಂಟರು ಪೂರ್ತಿ ತಗೊಂಡಿತು ಎಂದು ಖಾತ್ರಿಯಾದ ಮೇಲೆಯೇ ಸಾಲಿನಿಂದ ಬಿಡಬೇಕು. ಕರೆಂಟು ಹೋದರೆ, ಬಂದ ಮೇಲೆ ಬಿಟ್ಟಲ್ಲಿಂದ ಶುರು. ಪ್ರಿಂಟ್ ಸರ್ವರ್ ಎಂಬ ಹೆಸರು ಅದಕ್ಕಿದೆ ಎಂದು ನನಗೆ ಆಮೇಲೆ ಗೊತ್ತಾಯಿತು. ನಾನು ಅದನ್ನು ಸಾಲು ಎಂದೇ ಕರೆಯುತ್ತಿದ್ದೆ. ಪರದೆಯ ಮೇಲೆ ಪ್ರತಿಯೊಂದರ ಮುಂದೆ ಒಂದು ಮಾತು ಬರುತ್ತಿತ್ತು: ಕಾಯುತ್ತಿದೆ, ಹೋಗುತ್ತಿದೆ, ಮುಗಿಯಿತು.

ಒಳಗಿನ ಕೋಣೆಯಿಂದ ಹೊರಗಿನ ಕೋಣೆಗೆ ಆದದ್ದು ಉದಗೀರದಿಂದ ಉಮರ್ಗಾಕ್ಕೆ ಯಾಕಾಗಬಾರದು? ಈ ಮಾತು ಡಾಕ್ಟರು ಆಡಿದರೋ ನಾನೇ ಆಡಿದೆನೋ ಈಗ ನೆನಪಿಲ್ಲ. ನಾನೇ ಇರಬೇಕು. ನನಗೆ ಹುಚ್ಚು ಹಿಡಿದಿತ್ತು.

ಉಮರ್ಗಾದ ಸೆಂಟರಿಗೆ ಒಂದು ಹಳೆಯ ಕಂಪ್ಯೂಟರು, ಒಂದು ಡಾಟ್ ಮ್ಯಾಟ್ರಿಕ್ಸ್ ಪ್ರಿಂಟರು, ಒಂದು ಮೋಡೆಮ್ ಕಳಿಸಿದರು. ಜೋಡಿಸಲು ಒಬ್ಬ ಮೆಕ್ಯಾನಿಕ್ ಹೋಗಿ ಬಂದ. ಇಲ್ಲಿಂದ ನನ್ನ ಕಂಪ್ಯೂಟರು ಅಲ್ಲಿಗೆ ಫೋನು ಹಚ್ಚಬೇಕು; ಅಲ್ಲಿನದು ಎತ್ತಿ, ನೀನು ಯಾರು ಎಂದು ಕೇಳಿ, ಕಾಗದ ತಗೊಂಡು, ಬರೆದಿಟ್ಟುಕೊಂಡೆ ಎಂದು ಹೇಳಿ, ಪ್ರಿಂಟು ಹೊಡೆಯಬೇಕು. ಬೆಳಿಗ್ಗೆ ಆರಕ್ಕೆ ಲೈನು ಖಾಲಿ ಇರುತ್ತಿದ್ದದ್ದರಿಂದ ನಾನು ಆರಕ್ಕೇ ಲ್ಯಾಬಿಗೆ ಹೋಗುತ್ತಿದ್ದೆ. ಮೊದಮೊದಲು ರಿಪೋರ್ಟನ್ನು ಇಡೀ ಚಿತ್ರವಾಗಿ ಕಳಿಸುತ್ತಿದ್ದೆ, ಒಂದು ಪುಟಕ್ಕೆ ಐದು ನಿಮಿಷ ಹಿಡಿಯುತ್ತಿತ್ತು, ನಡುವೆ ಲೈನು ಕಡಿದುಹೋಗುತ್ತಿತ್ತು. ಆಮೇಲೆ ಹೊಳೆಯಿತು: ಫಾರ್ಮು ಅಲ್ಲೇ ಇರಲಿ, ಇಲ್ಲಿಂದ ಹೆಸರು, ಅಂಕಿ ಮಾತ್ರ ಹೋದರೆ ಸಾಕು. ಆವತ್ತಿನಿಂದ ಒಂದು ರಿಪೋರ್ಟು ಕಣ್ಣು ಮುಚ್ಚಿ ತೆರೆಯುವಷ್ಟರಲ್ಲಿ ಹೋಗತೊಡಗಿತು.

ಅಲ್ಲಿ ಇದ್ದವರು ಒಬ್ಬರೇ, ಐವತ್ತರ ಮೇಲಿನ ಒಬ್ಬ ಕಂಪೌಂಡರು. ನಾನು ಕಾಕಾ ಎನ್ನುತ್ತಿದ್ದೆ. ಭೂಕಂಪದಲ್ಲಿ ನೆಲಸಮವಾದ ಒಂದು ಊರಿನವರು, ಕನ್ನಡ ಮಾತಾಡುವ ಮನೆತನ. ಹೊಸ ಊರಿನಿಂದ ಸೈಕಲ್ಲಿನಲ್ಲಿ ಬರುತ್ತಿದ್ದರು. ಅವರ ಮನೆಯಲ್ಲಿ ಯಾರು ಉಳಿದರು, ಯಾರು ಹೋದರು ಎಂದು ನಾನು ಕೇಳಿರಲಿಲ್ಲ, ಅವರು ಹೇಳಿರಲಿಲ್ಲ. ಮಧ್ಯಾಹ್ನ ಅವರ ಡಬ್ಬಿಯಲ್ಲಿ ಒಬ್ಬರಿಗಾಗುವಷ್ಟೇ ರೊಟ್ಟಿ ಇರುತ್ತಿದ್ದದ್ದು ನೋಡಿದ್ದೆ.

ಒಮ್ಮೆ ಲೈನು ಕಡಿದು ಕಡಿದು ಒಂದೇ ರಿಪೋರ್ಟು ಅಲ್ಲಿ ಐದು ಸಲ ಅಚ್ಚಾಯಿತು. ಕಾಕಾ ಫೋನು ಮಾಡಿದರು: "ತಂಗಿ, ಒಬ್ಬ ಮುದುಕಪ್ಪ ಅಳಕೋತ ಕುಂತಾನ. ಐದು ಕಾಗದ ಬಂದಾವ, ಬ್ಯಾನಿ ಐದಪಟ್ಟ ಆಗ್ಯಾದೇನು ಅಂತ ಕೇಳ್ಲಿಕತ್ತಾನ." ನಾನು ಫೋನಿನಲ್ಲೇ ನಕ್ಕೆ, ಅವರೂ ನಕ್ಕರು. ಬಂದ ನಂಬರೇ ಮತ್ತೆ ಬಂದರೆ ತಗೊಳ್ಳಬೇಡ ಎಂದು ಪ್ರೋಗ್ರಾಮಿಗೆ ಕಲಿಸಿದೆ.

ಎಲ್ಲ ಸರಿಹೋಯಿತು ಅನ್ನಿಸಿದ ದಿನ ಬೆಳಿಗ್ಗೆ ಹನ್ನೊಂದು ರಿಪೋರ್ಟು ಕಳಿಸಿದೆ. ಹನ್ನೊಂದರ ಮುಂದೆಯೂ ಮುಗಿಯಿತು ಎಂದು ಬಂತು. ಕಾಕಾಗೆ ಫೋನು ಮಾಡಿದರೆ, "ಬಂದಾವ ತಂಗಿ, ಹನ್ನೊಂದೂ ಬಂದಾವ, ಅಕ್ಷರ ಮುತ್ತಿನಂಗ ಅವ" ಅಂದರು. ಡಾಕ್ಟರು ಪೇಢೆ ತರಿಸಿದರು. ಎಲ್ಲರಿಗೂ ಕೊಟ್ಟು, ತಾವೂ ಒಂದು ಬಾಯಿಗೆ ಹಾಕಿಕೊಂಡು, "ಮ್ಯಾಡಮ್, ಇನ್ನು ಮೇಲೆ ನೀವು ಆ ಬಸ್ಸಿನಲ್ಲಿ ಸಾಯಬೇಕಾಗಿಲ್ಲ" ಎಂದರು.

ನಾನು ಪೇಢೆ ಹಿಡಿದುಕೊಂಡೇ ನಿಂತೆ. ಅಷ್ಟು ತಿಂಗಳು ಅದನ್ನೇ ಕಟ್ಟುತ್ತಾ ಇದ್ದವಳಿಗೆ ಇದು ಮುಗಿದರೆ ನನ್ನ ಬಸ್ಸೂ ನಿಲ್ಲುತ್ತದೆ ಎಂಬುದೊಂದು ಹೊಳೆದಿರಲೇ ಇಲ್ಲ ಎಂದರೆ ಯಾರೂ ನಂಬುವುದಿಲ್ಲ. ಖರೆ ಹೇಳುತ್ತೇನೆ, ಹೊಳೆದಿರಲಿಲ್ಲ.

ಸೋಮವಾರ ಬಂತು. ಬಸ್ಸಿನ ಹೊತ್ತಿಗೆ ಕಾಲು ತಾವೇ ಎದ್ದವು, ಮತ್ತೆ ಕೂತೆ. ಪರದೆಯ ಮೇಲೆ ನಂಬರುಗಳು ಏರುತ್ತಿದ್ದವು. ಕಾಯುತ್ತಿದೆ, ಹೋಗುತ್ತಿದೆ, ಮುಗಿಯಿತು. ನಿಲಂಗಾದಲ್ಲೂ ಒಂದು ಸೆಂಟರು ತೆರೆದರು, ಅದಕ್ಕೂ ಹೀಗೇ ಜೋಡಿಸಿದೆ. ಕಾಸಾರಶಿರಸಿಯವರು ತಮಗೆ ಹತ್ತಿರವಾದಲ್ಲಿ ಹೋಗಿ ಕಾಗದ ತಗೊಂಡರು. ಮಂದಿಗೆ ಒಳ್ಳೆಯದೇ ಆಯಿತು, ಎರಡು ದಿನ ಕಾಯುತ್ತಿದ್ದವರಿಗೆ ಅದೇ ದಿನ ಸಂಜೆ ಸಿಗುತ್ತಿತ್ತು. ನಾನು ಮಾತ್ರ ಇಡೀ ದಿನ ಒಂದು ಗೋಡೆಯ ಮುಂದೆ. ಸಂಜೆ ಕೋಣೆಗೆ ಬಂದು ಸ್ಟೋವು ಹಚ್ಚುವಾಗ ನೆನಪು ಮಾಡಿಕೊಳ್ಳುತ್ತಿದ್ದೆ, ಇವತ್ತು ಕನ್ನಡದಲ್ಲಿ ಎಷ್ಟು ಮಾತಾಡಿದೆ? ಕಾಕಾನ ಜೊತೆ ಫೋನಿನಲ್ಲಿ ಎರಡು ಮಾತು. ಕೆಲವು ದಿನ ಅದೂ ಇಲ್ಲ, ಯಂತ್ರ ಸರಿಯಾಗಿ ನಡೆದರೆ ಫೋನು ಮಾಡಲು ಕಾರಣವೇ ಇರುತ್ತಿರಲಿಲ್ಲ. ಲೈನು ಕೆಡಲಿ ಎಂದು ಹಾರೈಸಿದ ದಿನಗಳೂ ಇವೆ.

ಒಂದು ಗುರುವಾರ ಬೆಳಿಗ್ಗೆ ಕಾಕಾನೇ ಫೋನು ಮಾಡಿದರು. ದನಿ ಬೇರೆ ಆಗಿತ್ತು. "ತಂಗಿ, ನೀ ಬರ್ತೀ ಏನು? ಇವತ್ತೇ ಬಾ. ಫೋನಿನಾಗ ಹೇಳ್ಲಿಕ್ಕ ಬರಂಗಿಲ್ಲ."

ಡಾಕ್ಟರಿಗೆ ಯಂತ್ರ ಕೆಟ್ಟಿದೆ ಎಂದು ಸುಳ್ಳು ಹೇಳಿ ಬಸ್ಸು ಹತ್ತಿದೆ.

ಉಮರ್ಗಾದ ಸೆಂಟರು ತಗಡಿನ ಪತ್ರಾ ಹೊದಿಸಿದ ಒಂದೇ ಕೋಣೆ, ಮುಂದೆ ಬೇವಿನ ಗಿಡ. ಕಾಕಾ ಗಿಡದ ಕೆಳಗೆ ಸ್ಟೂಲು ಹಾಕಿಕೊಂಡು ಕೂತಿದ್ದರು. ಒಳಗೆ ಯಾರೋ ಹೆಂಗಸು ಬೆಂಚಿನ ಮೇಲೆ ಗೋಡೆಗೆ ಮುಖ ಮಾಡಿ ಕೂತದ್ದು ಬಾಗಿಲಿನಿಂದಲೇ ಕಂಡಿತು. ಕಾಕಾ ನನ್ನನ್ನು ಅಲ್ಲೇ ತಡೆದು ಮೆಲ್ಲಗೆ ಹೇಳಿದರು.

ಹತ್ತಿರದ ಹಳ್ಳಿಯ ಸೊಸೆ ಅವಳು. ಗಂಡ ಲಾರಿಯ ಮೇಲೆ ಹೋಗುತ್ತಿದ್ದವನು, ಹಿಂದಿನ ವರ್ಷ ಜ್ವರ ಬಂದು ಸೊರಗಿ ಸೊರಗಿ ಸತ್ತಿದ್ದ. ಈಗ ಇವಳಿಗೂ ಜ್ವರ ಬಿಡದೆ ಇದ್ದಾಗ ಉಮರ್ಗಾದ ಡಾಕ್ಟರೊಬ್ಬರು ರಕ್ತ ಪರೀಕ್ಷೆಗೆ ಬರೆದುಕೊಟ್ಟಿದ್ದರು. ಅತ್ತೆಗೆ ಸಕ್ಕರೆ ಕಾಯಿಲೆ. ಇಬ್ಬರೂ ಒಂದೇ ದಿನ ರಕ್ತ ಕೊಟ್ಟಿದ್ದರು. ನಿನ್ನೆ ಸಂಜೆ ಮೈದುನ ತಾಯಿಯ ರಿಪೋರ್ಟಿಗೆಂದು ಬಂದಾಗ ಪ್ರಿಂಟರು ನಡೆದಿತ್ತು. ಅಂಚಿಗೆ ತೂತು ಇರುವ ಉದ್ದನೆಯ ಕಾಗದ, ಒಂದಕ್ಕೊಂದು ಹತ್ತಿಕೊಂಡೇ ಬರುವಂಥದ್ದು. ಅತ್ತೆಯದು ಮೊದಲು, ಸೊಸೆಯದು ಅದರ ಬೆನ್ನಿಗೇ. ಅವನು ಎರಡನ್ನೂ ಹರಿದುಕೊಂಡ. ಸೊಸೆಯ ಕಾಗದದಲ್ಲಿ ಎಚ್.ಐ.ವಿ. ಎಂದು ಬರೆದು ಮುಂದೆ ದೊಡ್ಡಕ್ಷರದಲ್ಲಿ ಪಾಜಿಟಿವ್ ಎಂದಿತ್ತು. ಅಷ್ಟು ಇಂಗ್ಲಿಷು ಅವನಿಗೆ ಬರುತ್ತಿತ್ತು.

"ನೀವೆಲ್ಲಿದ್ರಿ ಕಾಕಾ?" ಎಂದೆ. ದನಿಯಲ್ಲಿ ಸಿಟ್ಟಿತ್ತು. ಆ ಸಿಟ್ಟು ಅವರ ಮೇಲಿನದಲ್ಲ, ನನಗದು ಗೊತ್ತಿತ್ತು. ಯಾವ ರಿಪೋರ್ಟು, ಯಾರದು ಎಂದು ನೋಡದೆ ಬಂದದ್ದನ್ನು ಬಂದ ಹಾಗೆ ಅಚ್ಚು ಹೊಡೆ ಎಂದು ಬರೆದವಳು ನಾನು. ಹಿಂದೆ ಇಂಥವು ನನ್ನ ಚೀಲದಲ್ಲಿ ಅಂಟು ಹಚ್ಚಿದ ಲಕೋಟೆಯಲ್ಲಿ ಬರುತ್ತಿದ್ದವು. ನಾನು ಅವನ್ನು ಪರೀಕ್ಷೆಗೆ ಬರೆದುಕೊಟ್ಟ ಡಾಕ್ಟರ ಕೈಗೇ ಕೊಡುತ್ತಿದ್ದೆ.

ಕಾಕಾ ಸ್ಟೂಲಿನ ಮೇಲೆ ಕೈ ಇಟ್ಟರು. "ಇಲ್ಲೇ ಗಿಡದ ಕೆಳಗ ಇದ್ದೆ."

"ಒಳಗ ಪ್ರಿಂಟ್ ನಡದಾಗ ಹೊರಗ್ಯಾಕ ಬಂದ್ರಿ?"

"ನಾ ಯಾವಾಗ್ಲೂ ಹೊರಗೇ ಬರ್ತೀನಿ ತಂಗಿ." ಬಾಗಿಲಿನಿಂದ ಪ್ರಿಂಟರಿನ ಕಡೆ ಕೈ ಮಾಡಿದರು. "ಅದು ಶುರು ಆತಂದ್ರ ಮೇಜು ನಡುಗ್ತದ. ಕಪಾಟಿನಾಗಿನ ಬಾಟ್ಲಿ ಗಲ್‌ಗಲ್ ಅಂತಾವ. ಭೂಮಿ ನಡುಗಿದ ರಾತ್ರೀನೂ ಮೊದಲ ಗೂಡಿನಾಗಿನ ಪಾತ್ರಿ ಭಾಂಡೇನೇ ಸಪ್ಪಳ ಮಾಡಿದ್ವು. ಬೆಕ್ಕು ಅಂತ ನಾ ಮಗ್ಗಲ ಬದಲಿಸಿ ಮಲ್ಕೊಂಡೆ."

ಅಷ್ಟೇ ಹೇಳಿದ್ದು. ಪ್ರಿಂಟರು ಬಂದ ದಿನದಿಂದ ಈ ಮನುಷ್ಯ ಅದು ಶುರುವಾದಾಗಲೆಲ್ಲ ಹೊರಗೆ ಓಡಿ ಬಂದು ಗಿಡದ ಕೆಳಗೆ ಇದ್ದು, ಯಂತ್ರ ನಿಂತ ಮೇಲೆ ಒಳಗೆ ಹೋಗಿ ಕಾಗದ ಹರಿದು, ನನಗೆ ಫೋನಿನಲ್ಲಿ ಅಕ್ಷರ ಮುತ್ತಿನಂಗ ಅವ ಎಂದು ಹೇಳುತ್ತಿದ್ದರು. ನನ್ನ ಪರದೆಯಲ್ಲಿ ಮುಗಿಯಿತು ಎಂದು ಬಂದರೆ ಕೆಲಸ ಮುಗಿಯಿತು ಎಂದು ನಾನು ತಿಳಿದಿದ್ದೆ. ಕೊನೆಯ ಸಾಲು ಪ್ರಿಂಟರಿಗೆ ಹೋಯಿತು ಎಂಬುದಷ್ಟೇ ಅದರ ಅರ್ಥ. ಆ ಕೋಣೆಯಲ್ಲಿ ಯಾರಿದ್ದರು, ಯಾರು ಓಡಿದರು, ಯಾರ ಕೈ ಕಾಗದ ಹರಿಯಿತು, ಅದೊಂದೂ ತಂತಿಯ ಮೇಲೆ ತಿರುಗಿ ಬರುವುದಿಲ್ಲ.

ಒಳಗೆ ಹೋದೆ. ಇಪ್ಪತ್ತೆರಡು ಇಪ್ಪತ್ಮೂರರ ಹುಡುಗಿ. ತೊಡೆಯ ಮೇಲೆ ಒಂದು ಬಟ್ಟೆಯ ಗಂಟು. ನನ್ನನ್ನು ನೋಡಿ ಎದ್ದು ನಿಂತಳು.

"ಕಾಗದ ಮಾಡೋ ಬಾಯಿ ನೀವೇನ್ರಿ?"

"ಹೌದವ್ವ. ಕುಂದರು."

"ಕಾಗದದಾಗ ಏನ್ ಬರ್ದದ್ರಿ ಅಕ್ಕಾ? ಮೈದುನ ನಿನ್ನಿ ಬಂದು ಅಂಗಳದಾಗ ನಿಂತು ಒದರಿದ. ಅತ್ತಿ ನನ್ನ ತಾಟು, ತಂಬಿಗಿ ಹೊರಗ ಒಗದಳು. ನನ್ನ ಮಗನ್ನ ತಿಂದಿ ಅಂದಳು. ಓಣಿ ಮಂದಿ ಎಲ್ಲಾ ನೋಡಿದ್ರು. ಏನಾಗ್ಯಾದಂತ ಕೇಳಿದ್ರ ಯಾರೂ ಹೇಳ್ವಲ್ರು. ಈ ಅಜ್ಜನೂ ಹೇಳ್ವಲ್ಲ."

ಊರಿಗೆಲ್ಲ ಗೊತ್ತಾಗಿದ್ದು ಅವಳಿಗೊಬ್ಬಳಿಗೆ ಗೊತ್ತಿರಲಿಲ್ಲ. ಪರೀಕ್ಷೆಗೆ ಬರೆದುಕೊಟ್ಟ ಡಾಕ್ಟರ ಹತ್ತಿರ ಹೋಗೋಣ, ಅವರೇ ಹೇಳಲಿ ಎಂದು ಕರೆದುಕೊಂಡು ಹೊರಟೆ. ಅವರ ದವಾಖಾನೆಗೆ ಬೀಗ ಹಾಕಿತ್ತು, ಮೂರು ಗಂಟೆಗೆ ಬರುತ್ತಾರೆ ಎಂದರು. ಮೆಟ್ಟಿಲ ಮೇಲೆ ಕೂತೆವು. ಅವಳು ನನ್ನ ಮುಖವನ್ನೇ ನೋಡುತ್ತಿದ್ದಳು. ಅಲ್ಲಿಯವರೆಗೆ ಆ ನೋಟದ ಕೆಳಗೆ ಸುಮ್ಮನೆ ಕೂರುವ ಶಕ್ತಿ ನನಗಿರಲಿಲ್ಲ. ಹೇಳಿದೆ. ರೋಗದ ಹೆಸರು ಹೇಳಿದೆ, ಗಂಡನಿಂದ ಬಂದಿರಬೇಕು ಎಂದೆ, ಇದು ಮೊದಲನೆಯ ಪರೀಕ್ಷೆ, ಇನ್ನೊಮ್ಮೆ ನೋಡದೆ ಖಾತ್ರಿ ಇಲ್ಲ ಎಂದೆ, ಮುಟ್ಟಿದರೆ, ಒಂದೇ ತಾಟಿನಲ್ಲಿ ಉಂಡರೆ ಬರುವುದಿಲ್ಲ ಎಂದೆ. ಎಲ್ಲವನ್ನೂ ಗಡಿಬಿಡಿಯಲ್ಲಿ ಹೇಳಿದೆ.

ಅವಳು ಅಳಲಿಲ್ಲ. ಗಂಟನ್ನು ಬಿಚ್ಚಿ ಮತ್ತೆ ಕಟ್ಟಿದಳು. ಆಮೇಲೆ ಕೇಳಿದಳು, "ಇದು ನಂದೇ ರಕ್ತ ಹೌದಲ್ರಿ ಅಕ್ಕಾ?"

"ಹೌದು."

"ಹಂಗಾದ್ರ ಮೊದಲ ನಂಗ ಹೇಳ್ಬೇಕಿತ್ತಲ್ರಿ. ಎಲ್ಲಾರಿಗೂ ಹೇಳಿ ಕಡೀಗಿ ನಂಗ ಹೇಳ್ಲಿಕತ್ತೀರಿ."

ಅವಳ ಗಂಟನ್ನು ಎತ್ತಿ ನನ್ನ ಮಡಿಲಲ್ಲಿ ಇಟ್ಟುಕೊಂಡೆ.

ಮೂರಕ್ಕೆ ಡಾಕ್ಟರನ್ನು ಕಂಡೆವು, ಅವರು ಒಳ್ಳೆಯ ಮಾತಾಡಿದರು. ಕಾಕಾ ಇನ್ನೊಮ್ಮೆ ರಕ್ತ ತೆಗೆದರು. ಹೊತ್ತು ಇದ್ದಾಗಲೇ ಅವಳನ್ನು ತವರಿಗೆ ಮುಟ್ಟಿಸಬೇಕಿತ್ತು. ಬಸವಕಲ್ಯಾಣದ ಕಡೆ ಅವಳ ಊರು, ಹೈವೇ ಮೇಲಿನ ಬಸ್ಸು. ಗಡಿ ದಾಟಿದ ಮೇಲೆ ಅಂಗಡಿಗಳ ಬೋರ್ಡು ಕನ್ನಡಕ್ಕೆ ತಿರುಗಿದವು. ಅವಳು ಕಿಟಕಿಯಿಂದ ಒಂದೊಂದನ್ನೇ ತುಟಿಯಲ್ಲಿ ಓದುತ್ತಿದ್ದಳು, ಶಾಲೆಯ ಎರಡನೆಯ ಇಯತ್ತೆಯ ಮಕ್ಕಳ ಹಾಗೆ ಕೂಡಿಸಿ ಕೂಡಿಸಿ. ಅವಳ ತಾಯಿ ಅಂಗಳದಲ್ಲಿ ಜೋಳ ಹಸನು ಮಾಡುತ್ತಿದ್ದಳು. ಮಗಳ ಕೈಯಲ್ಲಿ ಗಂಟು ನೋಡಿ ಮೊರ ಕೆಳಗಿಟ್ಟಳು. ನಾನು ಹೇಳಬೇಕಾದ್ದನ್ನು ಈ ಸಲ ಮಗಳನ್ನು ಕೇಳಿ, ಅವಳು ಹೂಂ ಎಂದ ಮೇಲೆ ಹೇಳಿದೆ. ತಾಯಿ ನನಗೆ ಉಣ್ಣಲು ಹಾಕಿದಳು, ಮಗಳಿಗೂ ಹಾಕಿದಳು, ಒಂದೇ ಪಂಕ್ತಿಯಲ್ಲಿ. ಆ ದಿನ ಅಲ್ಲೇ ಉಳಿದು, ಬೆಳಿಗ್ಗೆಯ ಮೊದಲ ಬಸ್ಸಿಗೆ ಹೊರಟೆ.

ಎರಡನೆಯ ಪರೀಕ್ಷೆಯೂ ಅದನ್ನೇ ಹೇಳಿತು. ಆ ಕಾಗದವನ್ನು ನಾನು ಉದಗೀರದಲ್ಲೇ ಪ್ರಿಂಟು ತೆಗೆದು ಲಕೋಟೆಯಲ್ಲಿ ಹಾಕಿ ಒಯ್ದೆ.

ನಮ್ಮ ಲ್ಯಾಬಿನ ಡಾಕ್ಟರ ಮುಂದೆ ಎಲ್ಲವನ್ನೂ ಹೇಳಿದೆ, ಸುಳ್ಳು ಹೇಳಿ ಹೋದದ್ದನ್ನೂ. ಅವರು ಕನ್ನಡಕ ತೆಗೆದು ಒರೆಸಿದರು, ಹಾಕಿಕೊಂಡರು, ಮತ್ತೆ ತೆಗೆದರು.

"ಏನು ಮಾಡೋಣ ಅಂತೀರಿ?"

"ಬಂದದ್ದು ತಾನೇ ಅಚ್ಚಾಗಬಾರದು ಸಾಹೇಬ್ರೇ. ಅಲ್ಲಿ ಬಂದು ಕೂತಿರಲಿ. ಅಲ್ಲಿದ್ದ ಮನುಷ್ಯ, ಕಾಗದದ ಧಣಿ ಎದುರಿಗೆ ಬಂದ ಮೇಲೆ, ತನ್ನ ಗುಪ್ತ ನಂಬರು ಒತ್ತಿದರೆ ಅವರೊಬ್ಬರದೇ ಅಚ್ಚಾಗಬೇಕು."

"ತಡ ಆಗುತ್ತದೆ. ಬೇಗ ಸಿಗಲಿ ಅಂತಲೇ ಅಲ್ಲವೇ ಇಷ್ಟೆಲ್ಲ ಮಾಡಿದ್ದು?"

"ತಡ ಆಗಲಿ."

"ಮತ್ತೆ ಇಂಥ ರಿಪೋರ್ಟುಗಳು?"

"ಇವು ತಂತಿಯ ಮೇಲೆ ಹೋಗೋದೇ ಬೇಡ. ಇವನ್ನ ನಾನು ಒಯ್ತೀನಿ."

ಅವರ ಮುಂದೆ ಅಷ್ಟು ಗಟ್ಟಿಯಾಗಿ ನಾನು ಎಂದೂ ಮಾತಾಡಿರಲಿಲ್ಲ. ಅವರು ಹೂಂ ಎಂದು ತಲೆಯಾಡಿಸಿದರು.

ಪ್ರೋಗ್ರಾಮಿನಲ್ಲಿ ನಾಲ್ಕನೆಯ ಮಾತೊಂದು ಸೇರಿತು: ತಡೆದಿದೆ. ಬರೆಯಲು ಎರಡೇ ವಾರ ಹಿಡಿಯಿತು. ಈ ಸಲ ಮೆಕ್ಯಾನಿಕ್‌ನನ್ನು ಕಳಿಸದೆ ನಾನೇ ಉಮರ್ಗಾಕ್ಕೆ ಹೋದೆ. ಪ್ರಿಂಟರಿನ ಕೆಳಗೆ ಹಳೆಯ ಟಾಯರಿನ ತುಂಡು ಹಾಕಿಸಿದೆ, ಬಾಟಲಿಗಳ ಕಪಾಟನ್ನು ಎದುರು ಗೋಡೆಗೆ ಸರಿಸಿದೆವು. ಕಾಕಾಗೆ ನಾಲ್ಕಂಕಿಯ ನಂಬರು ಕೊಟ್ಟು, ಒತ್ತಿ ನೋಡಿ ಎಂದೆ. ಅವರು ಬಾಗಿಲ ಕಡೆ ಒಮ್ಮೆ ನೋಡಿ ಒಂದು ಬೆರಳಿನಿಂದ ಒತ್ತಿದರು. ಪ್ರಿಂಟರು ಕರಕರ ಎಂದಿತು. ಮೇಜು ಸ್ವಲ್ಪ ನಡುಗಿತು. ಅವರು ಕುರ್ಚಿಯ ಕೈ ಹಿಡಿದುಕೊಂಡು ಕೂತೇ ಇದ್ದರು. ಅದು ನಿಂತ ಮೇಲೆ ಕಾಗದ ಹರಿದು ನನ್ನ ಕೈಗೆ ಕೊಟ್ಟರು.

"ಹ್ಯಾಂಗನಿಸ್ತು ಕಾಕಾ?"

"ನಾನೇ ಶುರು ಮಾಡಿದ್ದಲ್ಲ ತಂಗಿ, ಯಾವಾಗ ಬರ್ತದಂತ ಗೊತ್ತಿತ್ತು" ಎಂದರು. "ಗೊತ್ತಿದ್ರ ತಡಕೊಳ್ಳಾಕ ಬರ್ತದ."

ತಿಂಗಳಿಗೆ ಎರಡು ಸಲ, ಕೆಲವೊಮ್ಮೆ ಮೂರು ಸಲ, ನಾನು ಮತ್ತೆ ಬಸ್ಸಿನಲ್ಲಿ ಹೋಗತೊಡಗಿದೆ. ಚೀಲದಲ್ಲಿ ಒಂದೋ ಎರಡೋ ಲಕೋಟೆ. ಕಾಸಾರಶಿರಸಿಯಲ್ಲಿ ಬಸ್ಸು ನಿಂತಾಗ ಕಿಟಕಿಯಿಂದ ತಲೆ ಹೊರಗೆ ಹಾಕುತ್ತಿದ್ದೆ. ಯಾರೂ ಬರುತ್ತಿರಲಿಲ್ಲ. ಅವರಿಗೆಲ್ಲ ರಿಪೋರ್ಟು ಸೆಂಟರಿನಲ್ಲಿ ಸಿಗುತ್ತಿತ್ತು, ನನಗಾಗಿ ಯಾಕೆ ಕಾಯಬೇಕು? ಒಮ್ಮೆ ಮಾತ್ರ ಆ ಶೇಂಗಾದ ಮುದುಕಿ ಬೇರೆ ಬಸ್ಸಿಗೆ ಕಾಯುತ್ತಾ ಕೂತದ್ದು ಕಂಡಿತು. ಹಣೆಯ ಮೇಲೆ ವಿಭೂತಿ ಇತ್ತು, ಕೈಯಲ್ಲಿ ಬಳೆ ಇರಲಿಲ್ಲ. ನಾನು ಕೂಗಿದೆ. ಅವಳು ತಿರುಗಿ ನೋಡಿದಳು, ಗುರುತು ಹತ್ತಲಿಲ್ಲ. ಬಸ್ಸು ಬಿಟ್ಟಿತು.

ಆ ಹೊಸ ಕೆಲಸದ ಬಗ್ಗೆ ಯಾರ ಮುಂದೆ ಹೇಳಿಕೊಳ್ಳುವಂತೆಯೂ ಇರಲಿಲ್ಲ. ಮೊದಲು ನನ್ನ ಚೀಲ ನೋಡಿ ಮಂದಿ ಹತ್ತಿರ ಬರುತ್ತಿದ್ದರು. ಈಗ ನಾನು ಯಾರ ಮನೆಗೆ ಹೋಗುತ್ತೇನೋ ಅವರು ನನ್ನನ್ನು ಒಳಗೆ ಕರೆದು, ಹೊರಗೆ ಕೇಳದಂತೆ ಬಾಗಿಲು ಮುಂದೆ ಮಾಡುತ್ತಿದ್ದರು. ಹೇಳಿದ ಮೇಲೆ ಅವರಿಗೆ ನನ್ನ ಮುಖ ನೋಡಲು ಆಗುತ್ತಿರಲಿಲ್ಲ. ಮುಂದೆ ಬಜಾರಿನಲ್ಲಿ ಎದುರಾದರೆ ದಾರಿ ಬದಲಿಸುತ್ತಿದ್ದರು. ಅದು ಸಹಜ. ನನ್ನನ್ನು ನೋಡಿದರೆ ಆ ದಿನವೇ ನೆನಪಾಗುತ್ತಿತ್ತು. ಹೀಗೆ ಗಡಿಯ ಎರಡೂ ಕಡೆ ನನ್ನನ್ನು ಚೆನ್ನಾಗಿ ಬಲ್ಲ, ಆದರೆ ಮಾತಾಡಿಸದ ಹತ್ತಾರು ಮನೆಗಳು ಆದವು.

ಐದಾರು ವರ್ಷ ಆ ಪ್ರೋಗ್ರಾಮು ನಡೆಯಿತು. ಆಮೇಲೆ ಡಾಕ್ಟರಿಗೆ ವಯಸ್ಸಾಯಿತು, ಲ್ಯಾಬನ್ನು ದೊಡ್ಡ ಊರಿನ ಯಾರಿಗೋ ಕೊಟ್ಟರು. ಅವರು ತಮ್ಮದೇ ಯಂತ್ರ, ತಮ್ಮದೇ ಪ್ರೋಗ್ರಾಮು ತಂದರು. ನನ್ನದನ್ನು ತೆಗೆಯುವ ದಿನ ಡಾಕ್ಟರು ಬಂದು ಪಕ್ಕದಲ್ಲಿ ನಿಂತರು. ಸಾಲಿನಲ್ಲಿ ಏನೂ ಉಳಿದಿರಲಿಲ್ಲ. ಸ್ವಿಚ್ಚು ಆರಿಸಿದೆ. ಕಾಕಾ ಅದಕ್ಕೂ ಮೊದಲೇ ಕೆಲಸ ಬಿಟ್ಟು ಹೊಸ ಊರಿನಲ್ಲಿ ಇದ್ದರು. ಒಂದು ಸಲ ಹೋಗಿ ನೋಡಿ ಬಂದೆ. ಅಂಗಳದಲ್ಲೇ ಮಂಚ ಹಾಕಿಕೊಂಡಿದ್ದರು, ಮನೆಯೊಳಗೆ ಪಾತ್ರೆ ಪಗಡ ಮಾತ್ರ. ಚಹಾ ಮಾಡಿ ಕೊಟ್ಟರು. ನನಗೀಗ ಉದಗೀರದ ಒಂದು ಕಾಲೇಜಿನ ಕಂಪ್ಯೂಟರ್ ಕೋಣೆಯಲ್ಲಿ ಕೆಲಸ.

ಆ ಹುಡುಗಿ ಬದುಕಿದ್ದಾಳೆ. ನಡುವೆ ಎರಡು ವರ್ಷ ಬಹಳ ಕಠಿಣವಿತ್ತು, ಹಾಸಿಗೆ ಹಿಡಿದಿದ್ದಳು. ಅಷ್ಟರಲ್ಲಿ ಸರ್ಕಾರಿ ದವಾಖಾನೆಯಲ್ಲಿ ಪುಕ್ಕಟೆ ಗುಳಿಗೆ ಸಿಗತೊಡಗಿತು, ಎದ್ದು ಕೂತಳು. ತಾಯಿ ಹೋದ ಮೇಲೂ ಅದೇ ಮನೆಯಲ್ಲಿ ಇದ್ದಾಳೆ, ಹೊಲಿಗೆ ಮಷಿನು ಇಟ್ಟಿದ್ದಾಳೆ. ಊರಿನವರು ಮೊದಲು ಬಟ್ಟೆ ಕೊಡಲು ಅಂಜುತ್ತಿದ್ದರಂತೆ, ಈಗ ಕೊಡುತ್ತಾರೆ.

ಹೋದ ವರ್ಷ ಬೀದರಿಗೆ ಹೋಗಿದ್ದವಳು ಮನಸ್ಸಾಗಿ ಅವಳಲ್ಲಿಗೂ ಹೋದೆ. ಗುರುತು ಹಿಡಿದಳು, ಬಾಗಿಲು ಮುಂದೆ ಮಾಡಲಿಲ್ಲ. ರೊಟ್ಟಿ ಬಡಿದಳು, ಪುಂಡಿಪಲ್ಯ ಮಾಡಿದಳು. ಉಣ್ಣುವಾಗ ಕೇಳಿದಳು, "ಉದಗೀರದಾಗ ನಿಮಗ ಯಾರದಾರ್ರಿ ಅಕ್ಕಾ?"

"ಕೆಲಸ ಅದ" ಎಂದೆ.

ಅವಳು ಇನ್ನೊಂದು ರೊಟ್ಟಿ ಹಾಕಿದಳು. ಹೊರಡುವ ಹೊತ್ತಿಗೆ, ನಿಲ್ಲಿ, ಸೀರೆಗೊಂದು ಜಂಪರ್ ಹೊಲಿದುಕೊಡುತ್ತೇನೆ ಎಂದು ಹಟ ಹಿಡಿದು ಟೇಪು ತಂದಳು. ಭುಜ, ತೋಳು, ಬೆನ್ನು ಅಳೆದಳು. ಬಾಯಲ್ಲಿ ಅಂಕಿ ಎಣಿಸುತ್ತಾ, ಒಂದು ಕೈ ನನ್ನ ಹೆಗಲ ಮೇಲೆ ಊರಿ, ಬಗ್ಗಿ ಕಾಗದದ ಚೂರಿನ ಮೇಲೆ ಬರೆದುಕೊಳ್ಳುತ್ತಿದ್ದಳು. ಯಾರಾದರೂ ನನ್ನನ್ನು ಮುಟ್ಟಿ ಎಷ್ಟು ದಿನವಾಗಿತ್ತು ಎಂದು ನೆನಪು ಮಾಡಿಕೊಳ್ಳಲು ಹೋಗಿ, ಬಿಟ್ಟೆ. ಎರಡು ತಾಸು ಮಷಿನು ತುಳಿದು ಹೊಲಿದೇ ಕೊಟ್ಟಳು.

ಜಂಪರು ಬಗಲ ಹತ್ತಿರ ಜರಾ ಬಿಗಿ ಆಗಿದೆ. ಬಿಚ್ಚಿ ಹೊಲಿಸಿಕೊಂಡು ಬರಬೇಕು ಎಂದು ಪ್ರತಿ ರಜೆಗೂ ಅಂದುಕೊಳ್ಳುತ್ತೇನೆ. ಇನ್ನೂ ಹೋಗಿಲ್ಲ.